ಪಾಲಿಗೆ ಬಾರದ ಫೈಲು

ಅಣ್ಣ ಮತ್ತು ತಮ್ಮ ಬೇರೆಯಾದಾಗ ಪಾತ್ರೆ ಪಡಗಕ್ಕಿಂತ ಹೆಚ್ಚು ತಕರಾರು ತಂದದ್ದು ಕಂಪ್ಯೂಟರು. ತೊಂಬತ್ತರ ದಶಕ ಮುಗಿಯುತ್ತ ಬಂದಿತ್ತು. ಸೋಲಾಪುರದ ವಿಜಾಪುರ ರಸ್ತೆಯಲ್ಲಿ ನಮ್ಮದೊಂದು ಡಿಟಿಪಿ ಅಂಗಡಿ. ಮುಂದೆ ಅಂಗಡಿ, ಹಿಂದೆ ಮನೆ. ಲಗ್ನಪತ್ರಿಕೆಯೇ ನಮ್ಮ ಅನ್ನ. ಈ ಕಡೆಯ ಲಗ್ನಪತ್ರಿಕೆಗೆ ಎರಡು ಮುಖ: ಪೇಟೆಯವರಿಗೆ ಮರಾಠಿ, ಹಳ್ಳಿಯ ಬೀಗರಿಗೆ ಕನ್ನಡ. ಎರಡನ್ನೂ ಟೈಪು ಮಾಡುತ್ತಿದ್ದವಳು ನಾನು, ಮದುವೆಯಾಗದೆ ಮನೆಯಲ್ಲೇ ಉಳಿದವಳು. ಊರವರ ಲಗ್ನವೆಲ್ಲ ನನ್ನ ಕೈಯಿಂದಲೇ ಆಗಬೇಕು ಎಂದು ತಮ್ಮ ಚೇಷ್ಟೆ ಮಾಡುತ್ತಿದ್ದ. ನಾನೂ ನಗುತ್ತಿದ್ದೆ.

ಹಿರಿಯರು ಕೂತು ವಾಟಣಿ ಮಾಡಿ ಪಾಲು ಹಂಚಿದರು. ಎರಡು ಕಂಪ್ಯೂಟರು, ಇಬ್ಬರಿಗೂ ಒಂದೊಂದು. ಅಷ್ಟಕ್ಕೆ ಬಿಡಬೇಕೋ ಬೇಡವೋ? ಇಬ್ಬರೂ ಒಂದೇ ಕೆಲಸ ಮಾಡಿದರೆ ನಾಳೆ ಗಿರಾಕಿಗಾಗಿ ಕಚ್ಚಾಡುತ್ತಾರೆಂದು ಕೆಲಸವನ್ನೂ ಹಂಚಿದರು. ಮರಾಠಿ ತಮ್ಮನಿಗೆ, ಅವನು ಸೋಲಾಪುರದಲ್ಲೇ ಇರಬೇಕು. ಕನ್ನಡ ಅಣ್ಣನಿಗೆ, ಅವನು ಅಕ್ಕಲಕೋಟದಲ್ಲಿ ಅಂಗಡಿ ಹಾಕಬೇಕು. ಭಾಷೆಗೂ ಹೊಲದಂತೆ ಬದು ಹಾಕಿದ ಆ ಹಿರಿಯರನ್ನು ನೆನೆದರೆ ನನಗೆ ಇವತ್ತಿಗೂ ಮೈ ಉರಿಯುತ್ತದೆ. ಕೊನೆಗೆ ಹಂಚಲು ಉಳಿದವಳು ನಾನು. "ಹುಡುಗಿ ಹಿರಿಯಾನ ಕಡೆ ಇರ್ಲಿ" ಅಂದರು. ತಮ್ಮ ನನ್ನ ಕೈ ಹಿಡಿದು, "ಅಕ್ಕಾ, ಈ ಮನೀನೂ ನಿಂದ ಅದ. ಯಾವಾಗ ಬೇಕಾದ್ರೂ ಬಾ" ಅಂದ. ಆ ಮಾತನ್ನು ನಂಬಿಕೊಂಡು ಅಕ್ಕಲಕೋಟಕ್ಕೆ ಹೋದೆ. ಎರಡು ಮನೆಯಲ್ಲೂ ನನಗೆ ಜಾಗವಿದೆ ಅಂದುಕೊಂಡೆ.

ಅಣ್ಣ ಕೊಟ್ಟ ಮಾತಿಗೆ ತಪ್ಪದ ಮನುಷ್ಯ, ಅದೂ ಅತಿ. ಸಾಮಾನಿನ ಜೊತೆ ತಮ್ಮನ ಪಾಲಿನ ಸೌಟೊಂದು ಬಂದುಬಿಟ್ಟಿತ್ತು. ಅದನ್ನು ಬಸ್ಸಿನ ಕಂಡಕ್ಟರನ ಕೈಯಲ್ಲಿ ವಾಪಸು ಕಳಿಸಿದ್ದ. ಅಂಥವನಿಗೆ ತನ್ನ ಕಂಪ್ಯೂಟರಿನಲ್ಲಿ ಮರಾಠಿ ಉಳಿದಿರುವುದು ಹೇಗೆ ಸಹ್ಯವಾದೀತು? "ಅವನ ಪಾಲಿಂದು ನನ್ನ ಮನ್ಯಾಗ ಇರಬಾರ್ದು. ತಗದ ಹಾಕ್ತೀನಿ" ಎಂದು ಕೂತ.

ತೆಗೆಯುವಾಗ ತೆರೆಯ ಮೇಲೊಂದು ಪ್ರಶ್ನೆ ಬಂತು: ಇದು ಹಲವರು ಸೇರಿ ಬಳಸುವ ಫೈಲು, ಈಗ ಯಾರೂ ಬಳಸುವಂತೆ ಕಾಣುವುದಿಲ್ಲ, ಅಳಿಸಲೇ?

"ಅಣ್ಣಾ, ಸಾಮಾಯಿಕ ಫೈಲ್ ಅಂತ ಹೇಳಾಕತ್ತದ. ಇರ್ಲಿ ಬಿಡು" ಅಂದೆ.

"ಸಾಮಾಯಿಕ ಇದ್ದದ್ದಕ್ಕ ಇಷ್ಟೆಲ್ಲ ಜಗಳಾ ಆತು" ಎಂದು ಅಣ್ಣ ಹೌದು ಎಂಬಲ್ಲಿ ಒತ್ತಿದ.

ಮರುದಿನ ತಡವಳದಿಂದ ಕುರಿ ಕಾಯುವವರೊಬ್ಬರು ಮಗಳ ಲಗ್ನಪತ್ರಿಕೆ ಮಾಡಿಸಲು ಬಂದರು. ಮೇಲೆ ಕುಲದೇವರು ಬೀರೋಬನ ಹೆಸರು ದಪ್ಪಗೆ ಬರಬೇಕು ಅಂದರು. ಕಂಪ್ಯೂಟರು ಹಚ್ಚಿದರೆ ಕನ್ನಡದ ಮೆನುವೇ ಮಾಯ. ಬೇಕಾದ ಫೈಲು ಸಿಗುತ್ತಿಲ್ಲ ಎಂಬ ಸಂದೇಶವೊಂದೇ ಮತ್ತೆ ಮತ್ತೆ. ನಾಳೆ ಬರ್ರಿ ಎಂದು ಅವರನ್ನು ಕಳಿಸಿ, ಸಾಫ್ಟ್‌ವೇರು ಕಂಪನಿಯ ಎಂಜಿನಿಯರಿಗೆ ಫೋನು ಮಾಡಿದೆ. ಅವನು ಹೇಳಿದ ಮೇಲೆ ನನಗೆ ತಿಳಿಯಿತು.

ಮರಾಠಿ, ಕನ್ನಡ ಎರಡೂ ಸ್ವತಂತ್ರ ಸಾಫ್ಟ್‌ವೇರುಗಳಲ್ಲ. ಪುಟ ಜೋಡಿಸುವ ದೊಡ್ಡ ಸಾಫ್ಟ್‌ವೇರಿಗೆ ಮೇಲಿಂದ ಹಚ್ಚಿದ ಆಡ್-ಇನ್‌ಗಳು. ಅಕ್ಷರಕ್ಕೆ ಕಾಗುಣಿತ, ಒತ್ತು ಕೂಡಿಸುವ ಕೆಲಸ ಎರಡಕ್ಕೂ ಬೇಕು. ಅದನ್ನು ಎರಡೆರಡು ಕಡೆ ಬರೆಯುವುದೇಕೆಂದು ಕಂಪನಿಯವರು ಒಂದೇ ಡಿಎಲ್ಎಲ್ ಫೈಲಿನಲ್ಲಿ ಇಟ್ಟಿದ್ದರು. ಕರೆದವರಿಗೆಲ್ಲ ಅದು ಓಗೊಡುತ್ತದೆ. ಎಷ್ಟು ಮಂದಿ ಅದನ್ನು ಬಳಸುತ್ತಾರೆಂದು ಕಂಪ್ಯೂಟರು ಲೆಕ್ಕ ಇಡುತ್ತದೆ, ಆದರೆ ರೀತಿಯಂತೆ ಇನ್‌ಸ್ಟಾಲ್ ಆಗಿ ಬಂದವರನ್ನು ಮಾತ್ರ. ನಮ್ಮ ಕನ್ನಡವನ್ನು ಎಂದೋ ಫ್ಲಾಪಿಯಿಂದ ಹಾಗೇ ಕಾಪಿ ಮಾಡಿಕೊಂಡಿದ್ದೆವು. ಹೀಗಾಗಿ ಮರಾಠಿ ಹೋದ ಮೇಲೆ ಆ ಫೈಲು ಯಾರಿಗೂ ಬೇಡವೆಂದು ಕಂಪ್ಯೂಟರು ತಿಳಿದಿತ್ತು. ಮರಾಠಿ ಇರುವ ಯಾವುದಾದರೂ ಕಂಪ್ಯೂಟರಿನಿಂದ ಅದನ್ನು ತಂದು ಹಾಕಿದರೆ ಸಾಕು ಅಂದ ಎಂಜಿನಿಯರ್. ಮರಾಠಿ ಇದ್ದದ್ದು ತಮ್ಮನ ಹತ್ತಿರ.

"ನಾ ಅವನ ಬಾಗಿಲಿಗೆ ಹೋಗಂಗಿಲ್ಲ" ಅಂದ ಅಣ್ಣ. ನಾನು ಹೋಗುತ್ತೇನೆ ಅಂದೆ. ನಿಜ ಹೇಳಬೇಕೆಂದರೆ ನನಗೆ ಒಳಗೊಳಗೇ ಹಿಗ್ಗು. ಬೇರೆಯಾದ ಮೇಲೆ ಸೋಲಾಪುರದಿಂದ ಒಂದು ಸಲವೂ ಕರೆ ಬಂದಿರಲಿಲ್ಲ, ಹೋಗಲು ಒಂದು ನೆಪ ಬೇಕಾಗಿತ್ತು. ಕೊಟ್ಟರೂ ಕೊಟ್ಟವನ ಮನೆಯಲ್ಲಿ ಕಡಿಮೆಯಾಗದ ವಸ್ತು ಆ ಫೈಲು. ತಮ್ಮ ಅದನ್ನು ಕೊಡುತ್ತಾನೆ, ಉಂಡು ಹೋಗು ಅನ್ನುತ್ತಾನೆ, ಲಗೂನೆ ಮತ್ತೆ ಬಾ ಅನ್ನುತ್ತಾನೆ. ಬಸ್ಸಿನ ದಾರಿಯುದ್ದಕ್ಕೂ ಇದನ್ನೇ ನೆನೆಯುತ್ತ ಕೂತಿದ್ದೆ.

ಅಂಗಡಿಯಲ್ಲಿ ನಾನು ಕೂರುತ್ತಿದ್ದ ಮೂಲೆಗೆ ಝೆರಾಕ್ಸ್ ಮಷೀನು ಬಂದಿತ್ತು. ತಮ್ಮ ಗಿರಾಕಿಗೆ "ಥಾಂಬಾ ಜರಾ" ಎಂದು ಕಾಯಲು ಹೇಳಿ, ನನ್ನ ಕೈಯಿಂದ ಫ್ಲಾಪಿ ಇಸಿದುಕೊಂಡು ಫೈಲು ಹಾಕಿಕೊಟ್ಟ. ಇಲ್ಲ ಅನ್ನಲಿಲ್ಲ, ಕೊಂಕು ಮಾತೂ ಆಡಲಿಲ್ಲ. ನೀರು ಕುಡಿಯಲೆಂದು ನಾನು ಅಡುಗೆಮನೆಯ ಕಡೆ ನಡೆದೆ. ಅವನ ಹೆಂಡತಿ ಎದುರಿಗೆ ಬಂದು, "ಕೂಡ್ರಿ ಅಕ್ಕಾರ, ನಾ ತರ್ತೀನಿ" ಎಂದು ತಾಟಿನಲ್ಲಿ ಲೋಟ ಇಟ್ಟು ತಂದಳು. ಆ ಮನೆಯ ಕೊಡಗಳನ್ನು ವರ್ಷಗಟ್ಟಲೆ ತುಂಬಿದವಳು ನಾನು. ಊಟದ ಹೊತ್ತು, ಒಳಗಿನಿಂದ ಒಗ್ಗರಣೆಯ ವಾಸನೆ ಬರುತ್ತಿತ್ತು. ತಮ್ಮ ಬಾಗಿಲಲ್ಲಿ ನಿಂತು ಗಡಿಯಾರ ನೋಡಿದ.

"ಅಕ್ಕಾ, ಈಗ ಹೊಂಟ್ರ ಬಸ್ ಸಿಗತದ. ಇನ್ನ ಮ್ಯಾಲ ಇಂಥಾದ್ದಕ್ಕ ಇಷ್ಟ ದೂರ ಬರಬ್ಯಾಡ. ಕಂಡಕ್ಟರ್ ಕೈಯಾಗ ಕಳಸ್ತೀನಿ."

ಕೆಟ್ಟ ಮನಸ್ಸಿನಿಂದ ಹೇಳಲಿಲ್ಲ. ನನಗೆ ತ್ರಾಸಾಗಬಾರದೆಂದೇ ಹೇಳಿದ. ಬೈದಿದ್ದರೆ ನಾನೂ ನಾಲ್ಕು ಮಾತು ಬೈದು ಒಳಗೆ ಹೋಗಿ ಕೂತುಬಿಡುತ್ತಿದ್ದೆ. ಬಸ್ಸಿನಲ್ಲಿ ಸೆರಗು ಬಾಯಿಗೆ ಒತ್ತಿಕೊಂಡು ಅತ್ತೆ. ಪಕ್ಕದ ಮುದುಕಿ ಏನಾತವ್ವಾ ಅಂದಳು. ಹಲ್ಲು ನೋವು ಅಂದೆ.

ಅಕ್ಕಲಕೋಟಕ್ಕೆ ಬಂದು ಫೈಲನ್ನು ಅದರ ಜಾಗದಲ್ಲಿಟ್ಟೆ. ಕನ್ನಡದ ಮೆನು ಬಂತು. ಶ್ರೀ ಬೀರೋಬ ಪ್ರಸನ್ನ ಎಂದು ಟೈಪು ಮಾಡಿದೆ, ಒತ್ತಕ್ಷರಗಳೆಲ್ಲ ಸರಿಯಾಗಿ ಕೂತವು. ಅಣ್ಣ ಪಕ್ಕದಲ್ಲೇ ಕುರ್ಚಿ ಎಳೆದುಕೊಂಡು ಕೂತಿದ್ದ. ಅಷ್ಟರಲ್ಲಿ ಅವನ ಹೆಂಡತಿ, ನಮ್ಮ ವೈನಿ, ಒಳಗಿನಿಂದ ಕೂಗಿದಳು. "ನೀ ಅಲ್ಲೇ ಉಂಡ ಬರ್ತಿ ಅಂತ ನಮ್ಮಷ್ಟಕ್ಕ ಮಾಡಿದ್ನೆವ್ವಾ. ಎರಡ ಭಕ್ರಿ ಬಡೀಲೇನು?"

"ಬ್ಯಾಡ ವೈನಿ. ಉಂಡ ಬಂದೀನಿ."

ಅಣ್ಣ ತಟ್ಟನೆ ನನ್ನ ಕಡೆ ತಿರುಗಿದ. ಅಷ್ಟು ದಿನ ಬಿಗಿದುಕೊಂಡಿದ್ದ ಮುಖ ಸಡಿಲಾಯಿತು, ಕಣ್ಣು ತುಂಬಿ ಬಂದವು. "ಉಣಿಸಿ ಕಳಿಸಿದ್ನಾ? ಏನ ಮಾಡಿದ್ರು?"

"ಶೇಂಗಾ ಹೋಳಿಗಿ" ಅಂದೆ. ಬಾಯಿಗೆ ಬಂದದ್ದು ಅದೇ.

"ನನಗ ಒಂದೂ ಕಟ್ಟಿ ಕೊಡಲಿಲ್ಲೇನು?"

ನಾನು ತೆರೆಯಿಂದ ಕಣ್ಣು ತೆಗೆಯಲಿಲ್ಲ. ಅಣ್ಣ ಎದ್ದು, ನನ್ನ ಚೀಲ ತೊಡೆಯ ಮೇಲಿಟ್ಟುಕೊಂಡು, ಒಳಗೆ ಕೈ ಹಾಕಿ ಹುಡುಕತೊಡಗಿದ.