ಎಡ ಕಾರ್ನರ್‌ನಲ್ಲಿ ಬಿದ್ದವನು

ಮಧ್ಯಾಹ್ನ ಮೂರು ಗಂಟೆ ನಲವತ್ತು ನಿಮಿಷ. ಶಹಾಪುರದ ಕಾಲೇಜು ಮೈದಾನದ ಕಬಡ್ಡಿ ಅಂಕಣದಲ್ಲಿ ನನ್ನ ಗೆಳೆಯ ಎದುರಾಳಿಯ ಕಾಲಿಗೆ ಎಗರಿದ್ದು ಆ ಹೊತ್ತಿಗೆ. ಸಮಯ ಇಷ್ಟು ಖಚಿತವಾಗಿ ಗೊತ್ತಿರುವುದಕ್ಕೆ ಯಾರೋ ಮೊಬೈಲಿನಲ್ಲಿ ತೆಗೆದ ವಿಡಿಯೊ ಕಾರಣ. ಅದು ಅವನು ಬೀಳುವವರೆಗೆ ಮಾತ್ರ ಇದೆ. ಆಮೇಲೆ ಚಿತ್ರ ಅಲುಗಾಡುತ್ತದೆ, ಯಾರದೋ ಚಪ್ಪಲಿ, ಒಂದಿಷ್ಟು ಆಕಾಶ, ಅಷ್ಟೆ. ಅದನ್ನು ನೋಡಿದಾಗಲೆಲ್ಲ ಈ ಸಲವಾದರೂ ಅವನು ಕ್ಷಣ ತಡವಾಗಿ ಎಗರುತ್ತಾನೇನೋ ಎಂದು ಕಾಯುತ್ತೇನೆ.

ಅವನು ನಮ್ಮ ಕಾಲೇಜು ತಂಡದ ಎಡ ಕಾರ್ನರ್, ಎಂದರೆ ಎಡ ಮೂಲೆಯಲ್ಲಿ ನಿಲ್ಲುವವನು. ದಾಳಿಗೆ ಬಂದವನು ಅವನ ಕಡೆ ಕಾಲು ಚಾಚಿದಾಗ ಗಿಣ್ಣಿನ ಹತ್ತಿರ ಎರಡೂ ಕೈಯಿಂದ ಹಿಡಿದು ಬಿಡದೆ ಬೀಳುವುದು ಅವನ ಕೆಲಸ. ನಾನು ಪಕ್ಕದಲ್ಲಿ ನಿಲ್ಲುವವನು. ಅವನ ಬಲಗೈ ನನ್ನ ಎಡಗೈಯಲ್ಲಿರುತ್ತಿತ್ತು. ಬೆರಳು ಸಡಿಲವಾದರೆ ಎಗರಲಿದ್ದಾನೆ ಎಂದು ನನಗೆ ತಿಳಿಯುತ್ತಿತ್ತು.

ಶಹಾಪುರದ ಹತ್ತಿರದ ಹಳ್ಳಿ ಸಗರದ ಹುಡುಗ. ತಾಯಿ ಕೂಲಿಗೆ ಹೋಗುವಾಕೆ, ತಂದೆ ಇಲ್ಲ. ತೊಗರಿ ಕೊಯ್ದ ಹೊಲದಲ್ಲಿ ಬೂದಿಯಿಂದ ಗೆರೆ ಎಳೆದು ಆಡಿ ಕಲಿತವನು. ಉಸಿರು ಸಾಲದ್ದರಿಂದ ದಾಳಿಗೆ ಹೋದರೆ ಅರ್ಧದಲ್ಲೇ ಕಬಡ್ಡಿ ಎನ್ನುವುದು ನಿಂತುಬಿಡುತ್ತಿತ್ತು. ಮೂಲೆಯಲ್ಲಿ ನಿಂತುಕೋ ಎಂದು ದೊಡ್ಡ ಹುಡುಗರು ತಳ್ಳಿದರಂತೆ. ಆ ಮೂಲೆಯೇ ಅವನದಾಯಿತು. ಪಿಯುಸಿಯಲ್ಲಿದ್ದಾಗ ಸುರಪುರದ ಒಬ್ಬ ಭಾರಿ ಆಳು ಅವನನ್ನು ಹೊಟ್ಟೆಯ ಮೇಲೆ ನಡುಗೆರೆಯ ತನಕ ಎಳೆದೊಯ್ದರೂ ಕಾಲು ಬಿಟ್ಟಿರಲಿಲ್ಲ. ಅಂಗಿ ಹರಿದು ಎದೆಯೆಲ್ಲ ತರಚಿತ್ತು. ಅಂದಿನಿಂದ ಅವನು ಎಲ್ಲರಿಗೂ ‘ಉಡ’. ಡಿಗ್ರಿಯ ಎರಡನೆಯ ವರ್ಷದಲ್ಲಿ ವಿಶ್ವವಿದ್ಯಾಲಯದ ತಂಡಕ್ಕೆ ಆಯ್ಕೆಯಾದ. ಅಲ್ಲಿ ಕೊಟ್ಟ ಜಾಕೆಟ್ಟನ್ನು ತಾಯಿ ಟ್ರಂಕಿನಲ್ಲಿ ತನ್ನ ಮದುವೆಯ ಸೀರೆಯ ಜೊತೆ ಇಟ್ಟಿದ್ದಳು. ಪೊಲೀಸ್ ಇಲಾಖೆಯಲ್ಲಿ ಕ್ರೀಡಾಪಟುಗಳಿಗೆ ಜಾಗ ಇರುತ್ತದೆ ಎಂದು ಯಾರೋ ಹೇಳಿದ್ದರು. ಅವನು ಆ ಮಾತಿನ ಮೇಲೆ ಬದುಕುತ್ತಿದ್ದ.

ನನ್ನ ಬಗ್ಗೆ ಒಂದು ವಿಷಯ ಹೇಳಬೇಕು. ನಾನು ಹುಟ್ಟುವಾಗ ಕಾಲು ಮುಂದಾಗಿ ಬಂದವನು. ಅಂಥವರ ಪಾದ ತಾಗಿದರೆ ಸೊಂಟ, ಕುತ್ತಿಗೆಯ ಉಳುಕು ಬಿಡುತ್ತದೆ ಎಂದು ನಮ್ಮ ಕಡೆ ನಂಬುತ್ತಾರೆ. ಚಿಕ್ಕಂದಿನಲ್ಲಿ ಓಣಿಯವರೆಲ್ಲ ಕರೆಸಿಕೊಳ್ಳುತ್ತಿದ್ದರು. ತಂಡದಲ್ಲೂ ಅದೇ ನಡೆದಿತ್ತು. ಮೊದಲು ಮೀನಖಂಡ ಒತ್ತಿ ಸಡಿಲ ಮಾಡಬೇಕು, ಆಮೇಲೆ ಎಡಗಾಲಿನಿಂದ ಉಳುಕಿದ ಜಾಗವನ್ನು ಒದೆಯಬೇಕು. ಅದಕ್ಕೆ ಕಾಲು ಹಚ್ಚುವುದು ಎನ್ನುತ್ತಾರೆ. ಆಟಕ್ಕೆ ಮುಂಚೆ ಯಾರಾದರೊಬ್ಬರು ಬೋರಲು ಮಲಗಿ, “ಡಾಕ್ಟ್ರ, ಫೀಸ್ ಆಮ್ಯಾಲ ಕೊಡ್ತೀನಿ, ಮೊದಲ ಒದಿ” ಎನ್ನುತ್ತಿದ್ದರು.

ಆ ದಿನ ಯಾದಗಿರಿ ತಂಡದವನು ದಾಳಿಗೆ ಬಂದ. ಎತ್ತರದ ಆಳು. ನನ್ನ ಕೈಯಲ್ಲಿದ್ದ ಬೆರಳು ಸಡಿಲವಾಯಿತು, ಗೆಳೆಯ ಎಗರಿ ಕಾಲು ಹಿಡಿದ. ಹಿಡಿತಕ್ಕೆ ಸಿಕ್ಕವನು ಆಯ ತಪ್ಪಿ ಬೀಳುವಾಗ ಅವನ ಮೊಣಕಾಲು ಗೆಳೆಯನ ಕತ್ತಿನ ಮೇಲೆ ಊರಿತು. ಸದ್ದೇನೂ ಬರಲಿಲ್ಲ. ಗೆಳೆಯನ ಬೆರಳುಗಳು ಮಾತ್ರ ತಾವಾಗಿಯೇ ಬಿಚ್ಚಿಕೊಂಡವು. ಸೀಟಿ ಊದುವ ಮೊದಲು ಅವನು ಕಾಲು ಬಿಟ್ಟಿದ್ದನ್ನು ನಾನು ಅದುವರೆಗೆ ನೋಡಿರಲಿಲ್ಲ. ನನ್ನ ಹೆದರಿಕೆ ಶುರುವಾದದ್ದು ಅಲ್ಲಿಂದ.

ಕೆನ್ನೆ ಮಣ್ಣಿಗೆ ಒತ್ತಿಕೊಂಡು ಬೋರಲು ಬಿದ್ದಿದ್ದ. ಕಣ್ಣು ತೆರೆದಿತ್ತು.

“ಕುತ್ತಿಗಿ ಹಿಡ್ಕೊಂಡದ. ಕಾಲ್ ಹಚ್ಚು ಬಾ,” ಎಂದ.

ಎಲ್ಲರೂ ನನಗೆ ದಾರಿ ಬಿಟ್ಟರು. ಯಾರೋ ನೀರು ತಂದರು, ಇನ್ಯಾರೋ ನಗಾಡಿದರು. ನಾನು ರೂಢಿಯಂತೆ ಕೂತು ಅವನ ಮೀನಖಂಡ ಒತ್ತತೊಡಗಿದೆ.

“ಎಲ್ಲಿ ಹೋದಿ?” ಎಂದ.

“ಇಲ್ಲೇ ಇದ್ದೀನಲ್ಲ.”

“ಇದ್ರ ಹಚ್ಚು ಮತ್ತ. ಇನ್ನಾ ಮುಟ್ಟೇ ಇಲ್ಲ, ಮಾರಿ ನೋಡ್ಕೋತ ನಿಂತಿ.”

ನನ್ನ ಎರಡೂ ಕೈ ಅವನ ಕಾಲಿನ ಮೇಲಿದ್ದವು. ಉಗುರಿನ ಗುರುತು ಮೂಡುವಷ್ಟು ಒತ್ತಿದೆ. ಅವನು ಇನ್ನೂ ನನ್ನನ್ನು ಬೈಯುತ್ತಲೇ ಇದ್ದ.

ನಾನು ಎದ್ದು ಹಿಂದೆ ಸರಿದೆ. ದೈಹಿಕ ಶಿಕ್ಷಣದ ಸರ್ ಬೆನ್ನು ತಟ್ಟಿದರು. “ಹಚ್ಚಪ್ಪ. ದಿನಾ ಹಚ್ಚಾಂವ, ಇವತ್ತ್ಯಾಕ ನಾಟಕ ಮಾಡಾಕತ್ತಿ?” ನಾನು ಒಲ್ಲೆ ಎಂದು ತಲೆಯಾಡಿಸಿದೆ. “ಹಂಗಾರ ಎತ್ರಿ. ಎದ್ದು ನಾಕ್ ಹೆಜ್ಜಿ ಹಾಕಿದ್ರ ಸರಿ ಆಗ್ತಾನ,” ಎಂದು ಅವರು ಹೇಳಿದ್ದೇ ತಡ, ಇಬ್ಬರು ಅವನ ರಟ್ಟೆಗೆ ಕೈ ಹಾಕಿದರು.

ಆಗ ದಾಳಿಗೆ ಬಂದಿದ್ದ ಯಾದಗಿರಿಯವನೇ ಅಡ್ಡ ಕೂತ. ಮನೆಯಲ್ಲಿ ದಖ್ಖನಿ ಉರ್ದು ಆಡುವ ಹುಡುಗ. “ನಕ್ಕೋ ಭಾಯ್, ಎತ್ತಬ್ಯಾಡ್ರಿ. ನಮ್ ಚಾಚಾ ಬಿಲ್ಡಿಂಗ್ ಕೆಲಸದಾಗ ಸೆಂಟ್ರಿಂಗ್ ಮ್ಯಾಲಿಂದ ಬಿದ್ದಾಗ ಹಿಂಗೇ ರಟ್ಟಿ ಹಿಡ್ದು ಎಬ್ಬಿಸಿದ್ರು. ಇವತ್ತಿಗೂ ಎದ್ದಿಲ್ರಿ ಅವ್ರು.”

“ನೀ ಏನ್ ಡಾಕ್ಟ್ರೇನಲೇ?” ಎಂದರು ಸರ್.

“ಅಲ್ರಿ ಸರ್. ನೀವೂ ಅಲ್ರಿ.”

ಅವನು ಗೆಳೆಯನ ತಲೆಯನ್ನು ಎರಡೂ ಕೈಯಿಂದ ಹಿಡಿದು ಕೂತ. ನಾನು ಕಾಲ ಕಡೆ ಕೂತು ಬಂದವರನ್ನೆಲ್ಲ ತಡೆದೆ. ಆಂಬುಲೆನ್ಸ್ ಬರುವವರೆಗೆ ನೊಣ ಕೂತರೂ ನಾವಿಬ್ಬರೇ ಓಡಿಸಿದೆವು. ಗೆಳೆಯನಿಗೆ ತಿಳಿದದ್ದು ಆಗ. ಬೈಯುವುದನ್ನು ನಿಲ್ಲಿಸಿ ಮೆಲ್ಲಗೆ, “ನನ್ನ ಕಾಲ್ ಅಲ್ಲೇ ಅದಾವಿಲ್ಲೋ?” ಎಂದು ಕೇಳಿದ. ಅದಾವು ಎಂದೆ.

ಯಾದಗಿರಿಯ ಆಸ್ಪತ್ರೆಗೆ ಹೋಗುವ ದಾರಿಯಲ್ಲಿ ಎಷ್ಟು ರಸ್ತೆ ಉಬ್ಬುಗಳಿವೆ ಎಂಬುದು ಅಂದು ತಿಳಿಯಿತು. ಕುತ್ತಿಗೆಗೆ ಪಟ್ಟಿ ಕಟ್ಟಿದ್ದರೂ ಗಾಡಿ ಕುಲುಕಿದಾಗಲೆಲ್ಲ ನಾನು ಅವನ ಮುಖ ನೋಡುತ್ತಿದ್ದೆ. ಭೀಮಾ ಸೇತುವೆಯ ಮೇಲೆ ಬಂದಾಗ ಅವನು ಕೇಳಿದ, “ಪಾಯಿಂಟ್ ಯಾರಿಗಾತು?” ನಮ್ಮ ಜೊತೆ ಹತ್ತಿದ್ದ ದಾಳಿಗಾರ, “ನಿನಗೇ ಭಾಯ್. ನಾ ಔಟ್,” ಎಂದ. ಗೆಳೆಯ ಕಣ್ಣು ಮುಚ್ಚಿದ. ಅದನ್ನು ಮತ್ತೆ ತೆರೆಯುವ ತನಕ ನಾನು ಉಸಿರಾಡಿದೆನೋ ಇಲ್ಲವೋ.

ಯಾದಗಿರಿಯಿಂದ ಕಲಬುರಗಿಗೆ ಕಳಿಸಿದರು. ನಡೆಯುತ್ತಾನೆಯೇ ಎಂದರೆ ಡಾಕ್ಟರು, ಮೂಳೆ ಮುರಿದಿಲ್ಲ, ನರದ ಹುರಿಗೆ ಪೆಟ್ಟಾಗಿದೆ, ಊತ ಇಳಿಯಲಿ, ಈಗಲೇ ಏನೂ ಹೇಳಲು ಬರುವುದಿಲ್ಲ ಎನ್ನುತ್ತಿದ್ದರು. ಅವನ ತಾಯಿಗೆ ಆ ಉತ್ತರ ಬೇಡವಾಗಿತ್ತು. ಯಾರು ಹೇಳಿದರೋ, ನಾನು ಕಾಲು ಹಚ್ಚಲಿಲ್ಲ ಎಂಬುದು ಆಕೆಗೆ ಗೊತ್ತಾಗಿತ್ತು.

“ಯಪ್ಪಾ, ಊರ ಮಂದಿಗೆಲ್ಲ ಹಚ್ಚಿದಿ. ನನ್ನ ಮಗನಿಗೆ ಯಾಕ ಹಚ್ಚಲಿಲ್ಲ?”

“ಹಚ್ಚಬಾರದಿತ್ತು ಯವ್ವಾ. ಹಚ್ಚಿದ್ರ ಇನ್ನಾ ಕೆಡತಿತ್ತು.”

“ಕೆಡಾಕ ಇನ್ನೇನ್ ಉಳದದ?”

ಪ್ರತಿ ಭೇಟಿಯಲ್ಲೂ ಇದೇ ಮಾತು. ಹೋಗದಿದ್ದರೆ ಅವನ ಮುಖ ಕಾಣುತ್ತಿತ್ತು, ಹೋದರೆ ಆಕೆಯ ಮುಖ. ಮಲಗಿದರೆ ನನ್ನ ಪಾದ ಅವನ ಕತ್ತಿನ ಮೇಲೆ ಇಳಿಯುತ್ತಿರುವಂತೆ ಅನಿಸಿ ಒದ್ದಾಡಿಕೊಂಡು ಏಳುತ್ತಿದ್ದೆ. ಚಾದರದ ಹೊರಗೆ ಕಾಲು ಚಾಚಲೂ ಭಯ. ಮನೆಗೆ ಉಳುಕು ಎಂದು ಬಂದವರನ್ನು ನಮ್ಮವ್ವ ಬಾಗಿಲಿಂದಲೇ ಕಳಿಸತೊಡಗಿದಳು.

ಒಂದು ದಿನ ತಾಯಿ ಊಟದ ಡಬ್ಬಿ ಮುಚ್ಚಿಟ್ಟು ಕೂತಿದ್ದಳು. “ಕುತ್ತಿಗಿ ಬ್ಯಾಡಂದ್ರ ಬ್ಯಾಡ. ಅಂಗಾಲಿಗರ ಹಚ್ಚು,” ಎಂದಳು. ಗೆಳೆಯ ಮಲಗಿದಲ್ಲಿಂದಲೇ, “ಹಚ್ಚೋ ಮಾರಾಯ. ಇಲ್ಲಂದ್ರ ಅಕಿ ತಿನ್ನಂಗಿಲ್ಲ, ನನಗೂ ತಿನ್ನಾಕ ಬಿಡಂಗಿಲ್ಲ,” ಎಂದ. ನರ್ಸ್‌ಗೆ ಕೇಳಿದೆ. ಪಾದಕ್ಕೆ ಪಾದ ತಾಗಿದರೆ ಏನಾಗುತ್ತದೆ, ಕುತ್ತಿಗೆ ಮಾತ್ರ ಅಲುಗಾಡಿಸಬೇಡಿ ಎಂದಳು. ಮಂಚದ ಕಂಬಿ ಹಿಡಿದು ನನ್ನ ಅಂಗಾಲನ್ನು ಅವನ ಅಂಗಾಲಿಗೆ ಮುಟ್ಟಿಸಿದೆ.

ಅವನು ಹುಬ್ಬು ಗಂಟಿಕ್ಕಿದ. “ಯಾಕೋ ನಿನ್ನ ಕಾಲು ಇಷ್ಟ್ ತಣ್ಣಗದಾವ?”

ತಾಯಿ ಡಬ್ಬಿಯ ಮೇಲೆ ಹಣೆ ಇಟ್ಟು ಅತ್ತಳು. ನಾನು ನೆಲದ ಮೇಲೆ ಕೂತುಬಿಟ್ಟೆ. ಡಾಕ್ಟರು ಊತ ಇಳಿಯುತ್ತಿದೆ ಎಂದರು, ತಾಯಿ ಬೇರೆಯದನ್ನೇ ಹೇಳಿದಳು. ನಾನು ಇಬ್ಬರ ಜೊತೆಗೂ ವಾದಕ್ಕೆ ಹೋಗಲಿಲ್ಲ.

ಆದರೂ ನಿದ್ದೆ ಬರಲಿಲ್ಲ. ಸ್ಪರ್ಶ ಬಂದ ಮಾತ್ರಕ್ಕೆ ನಡಿಗೆ ಬರುವುದಿಲ್ಲ ಎಂದು ಅಷ್ಟರಲ್ಲಿ ಕಲಿತಿದ್ದೆ. ಹೆಬ್ಬೆರಳು ಆಡಿತು. ಮಳೆಗಾಲದ ಹೊತ್ತಿಗೆ ಗೋಡೆ ಹಿಡಿದು ನಿಂತ. ಕಾಲಿಗಿಂತ ಕೈ ಹಿಂದೆ ಬಿತ್ತು. ಬೆರಳು ಪೂರ್ತಿ ಮಡಚುವುದಿಲ್ಲ, ಹಿಡಿತ ಇಲ್ಲ. ಎಡ ಕಾರ್ನರ್ ಆಟ ಅಲ್ಲಿಗೆ ಮುಗಿಯಿತು, ಪೊಲೀಸ್ ಕೆಲಸದ ಮಾತೂ ಮುಗಿಯಿತು. “ಉಡದ ಉಗುರು ಹ್ವಾದ್ವು,” ಎಂದು ಅವನೇ ನಕ್ಕ. ನಮಗ್ಯಾರಿಗೂ ನಗು ಬರಲಿಲ್ಲ. ಈಗ ಸಗರದ ಶಾಲೆಯ ಹುಡುಗಿಯರಿಗೆ ಹಿಡಿಯುವುದನ್ನು ಹೇಳಿಕೊಡುತ್ತಾನೆ. ತಲೆ ಕೆಳಗೆ ಹಾಕಿ ಎಗರಿದರೆ ಅಂಕಣದಿಂದ ಹೊರಗೆ ಕೂರಿಸುತ್ತಾನೆ.

ಚಳಿಗಾಲದಲ್ಲಿ ಒಂದು ಭಾನುವಾರ, ಒಬ್ಬನೇ ಬಸ್ ಹತ್ತಿ ನಮ್ಮೂರು ಸುರಪುರಕ್ಕೆ ಬಂದ. ನಮ್ಮ ಮನೆ ಗುಡ್ಡದ ಓಣಿಯಲ್ಲಿದೆ, ಕಲ್ಲಿನ ಮೆಟ್ಟಿಲು ಹತ್ತಬೇಕು. ಕೈ ಕೊಡಲು ಕೆಳಗಿಳಿದು ಹೋದರೆ, “ಅತ್ತಾಗ ಸರಿ, ದಾರಿ ಬಿಡು,” ಎಂದ. ಎಡಗಾಲು ತುಸು ಎಳೆಯುತ್ತಿತ್ತು. ಅವನ ಹಿಂದೆಯೇ, ಬಿದ್ದರೆ ಹಿಡಿಯಲು ಕೈ ಚಾಚಿಕೊಂಡು ಹತ್ತಿದೆ. ಅವನು ಬೀಳಲಿಲ್ಲ. ಉಂಡು, ಹಾಳು ಹರಟೆ ಹೊಡೆದು, ಪಕ್ಕದ ಹಾಸಿಗೆಯಲ್ಲಿ ಮಲಗಿದ.

ನನಗೆ ಎಚ್ಚರವಾದಾಗ ಬಿಸಿಲು ಬಾಗಿಲ ಒಳಗೆ ಬಂದಿತ್ತು. ನಡುವೆ ಒಮ್ಮೆಯೂ ಎದ್ದಿರಲಿಲ್ಲ. ಪಕ್ಕದ ಹಾಸಿಗೆ ಖಾಲಿಯಿತ್ತು. ಹೊರಗೆ ಮೆಟ್ಟಿಲ ಮೇಲೆ ಒಂದು ಕಾಲು ಊರಿದ ಸದ್ದು, ಒಂದು ಕಾಲು ಎಳೆದ ಸದ್ದು. ಹಾಲು ತರಲು ಹೋದವನು ನಮ್ಮವ್ವನ ಜೊತೆ ರೇಟಿನ ಬಗ್ಗೆ ಜಗಳವಾಡುತ್ತ ಮೇಲೆ ಬರುತ್ತಿದ್ದ.