ಮುಗಿಯದ ಕಟೌಟ್ ಚಿತ್ರ

ಬೂಷ್ಟು ಹಿಡಿದ ಕ್ಯಾಸೆಟ್ಟಿನ ವಾಸನೆ ಕೈಗೆ ಹತ್ತಿದರೆ ಬೇಗ ಬಿಡುವುದಿಲ್ಲ. ಕಳೆದ ವಾರ ಚಾಮರಾಜಪೇಟೆಯಿಂದ ಹೆಂಗಸೊಬ್ಬರು ಬಂದು ತಮ್ಮ ಅಣ್ಣನ ರಟ್ಟಿನ ಪೆಟ್ಟಿಗೆಯೊಂದನ್ನು ಕೊಟ್ಟು ಹೋದರು. ಅಣ್ಣ ತೀರಿಕೊಂಡು ತಿಂಗಳಾಗಿತ್ತು. ಪೆಟ್ಟಿಗೆ ನನಗೇ ತಲುಪಬೇಕೆಂದು ಅದರ ಮೇಲೆ ಬರೆದಿಟ್ಟಿದ್ದರು.

ಆ ಅಣ್ಣ ನನ್ನ ಹಳೆಯ ಗೆಳೆಯರು, ಸಾಕ್ಷ್ಯಚಿತ್ರ ತೆಗೆಯುತ್ತಿದ್ದರು. ನಾನು ಆಗ ಪತ್ರಿಕೆಯೊಂದರ ವರದಿಗಾರ. ನಾಟಕದವರು, ಗೋಡೆಬರಹದವರು... ರಾಜಕೀಯದ ನೆರಳಲ್ಲಿ ಬದುಕುವ ಕಲಾವಿದರೇ ಅವರ ವಸ್ತು. ಚಿತ್ರ ಸಿದ್ಧವಾದ ಮೇಲೆ ಅದರಲ್ಲಿದ್ದವರಿಗೇ ಮೊದಲು ತೋರಿಸುವುದು, ಅವರು ಬೇಡವೆಂದ ಮಾತನ್ನು ಕತ್ತರಿಸುವುದು ಅವರ ಪದ್ಧತಿ. ವಿಶ್ವೇಶ್ವರಪುರದ ತಿಂಡಿ ಬೀದಿಯಲ್ಲಿ ನಿಂತು ನಾನು ಇದನ್ನು ಲೇವಡಿ ಮಾಡಿದರೆ ನಗುತ್ತಿದ್ದರು.

"ನಿಂದು ನಾಳೆ ಬೋಂಡ ಕಟ್ಟೋ ಪೇಪರ್ ಗುರು. ನಂದು ಉಳೀಬೇಕು."

ಅವರ ಕೊನೆಯ ಚಿತ್ರ ಬಳೇಪೇಟೆಯ ಹಿಂದಿನ ಗಲ್ಲಿಯಲ್ಲಿ ನಾಯಕರ ಕಟೌಟ್ ಬರೆಯುತ್ತಿದ್ದ ವಯಸ್ಸಾದ ಕಲಾವಿದರೊಬ್ಬರ ಕುರಿತದ್ದು. ಸಂಕಲನ ನಡೆಯುತ್ತಿದ್ದಾಗಲೇ ನನ್ನನ್ನು ಕರೆದು ತೋರಿಸಿದರು. ಪರದೆಯ ಮೇಲೆ ಆ ಕಲಾವಿದರು ನಾಯಕರೊಬ್ಬರ ಮೂಗಿಗೆ ಬಣ್ಣ ತುಂಬುತ್ತ ಹೇಳುತ್ತಿದ್ದರು: "ಮೂರು ಪಾರ್ಟಿಗೂ ಇದೇ ಮುಖ ಬರ್ದಿದೀನಿ ಸ್ವಾಮಿ. ಶಾಲು ಬಣ್ಣ ಮಾತ್ರ ಬೇರೆ."

ಕಲಾವಿದರಿಗೆ ಇದನ್ನಿನ್ನೂ ತೋರಿಸಿಲ್ಲ, ಯಾರಿಗೂ ಹೇಳಬೇಡ ಎಂದು ಗೆಳೆಯರು ಎಚ್ಚರಿಸಿದ್ದರು. ಚುನಾವಣೆ ಹತ್ತಿರವಿತ್ತು. ಮರುದಿನದ ಪತ್ರಿಕೆಯಲ್ಲಿ ಆ ಮಾತು ಬಂತು, ನನ್ನ ಹೆಸರಿನಡಿಯಲ್ಲಿ.

ವಾರದೊಳಗೆ ಕಲಾವಿದರ ಬಣ್ಣದ ಡಬ್ಬಿಗಳನ್ನು ಯಾರೋ ರಸ್ತೆಗೆ ಸುರಿದರು. ಆಮೇಲೆ ಯಾವ ಪಕ್ಷವೂ ಅವರನ್ನು ಕರೆಯಲಿಲ್ಲ. ಗೆಳೆಯರು ಆ ಮಾತು ಬಿಟ್ಟು ಉಳಿದ ಭಾಗವನ್ನಾದರೂ ತೋರಿಸಲು ಹೋದಾಗ ಕಲಾವಿದರು ಬಾಗಿಲು ತೆರೆಯಲಿಲ್ಲ. ಬೇರೆ ಕಲಾವಿದರೂ ಕ್ಯಾಮೆರಾ ಮುಂದೆ ಕೂರಲು ಒಪ್ಪದಾದರು. ಗೆಳೆಯರು ಮತ್ತೆ ಚಿತ್ರ ತೆಗೆಯಲಿಲ್ಲ. ನನ್ನನ್ನು ಬೈಯಲೂ ಇಲ್ಲ. "ಅವರಿನ್ನೂ ನೋಡೇ ಇರ್ಲಿಲ್ವಲ್ಲೋ" ಅಂದರು, ಅಷ್ಟೇ. ಆಮೇಲೆ ನಾವು ಭೇಟಿಯಾಗಲಿಲ್ಲ...

ಪೆಟ್ಟಿಗೆಯಲ್ಲಿದ್ದ ಕ್ಯಾಸೆಟ್ಟನ್ನು ನಿನ್ನೆ ಸಂಪಿಗೆ ರಸ್ತೆಯ ಸ್ಟುಡಿಯೊಗೆ ಒಯ್ದೆ. ಅದರ ಚೀಟಿಯ ಮೇಲೆ ಅವರ ಕೈಬರಹ: 'ಅವರಿಗೆ ತೋರಿಸಬೇಕು'. ಕಟೌಟ್ ಬರೆಯುತ್ತಿದ್ದವರು ತೀರಿಕೊಂಡೂ ಬಹಳ ವರ್ಷಗಳಾದವು. ಸ್ಟುಡಿಯೊದವನು ಟೇಪನ್ನು ಬೆಳಕಿಗೆ ಹಿಡಿದು ನೋಡಿದ.

"ಬೂಷ್ಟು ಪೂರ್ತಿ ತಿಂದ್ಬಿಟ್ಟಿದೆ ಸಾರ್. ಏನೂ ಬರಲ್ಲ."

ಮನೆಗೆ ಬಂದು ಪೆಟ್ಟಿಗೆ ಬರಿದು ಮಾಡಿದೆ. ತಳದಲ್ಲಿ, ಪ್ಲಾಸ್ಟಿಕ್ ಹಾಳೆಯೊಳಗೆ, ನನ್ನ ಆ ವರದಿಯ ತುಣುಕು ಇತ್ತು. ಒಂದು ಅಕ್ಷರವೂ ಮಾಸಿರಲಿಲ್ಲ.