ಬಾಗಿಲು ಕಾಯುವವನ ಪಾರ್ಟು

ಊರಿಗೆಲ್ಲ ಒಂದೇ ಟೆಲಿಫೋನು ಇದ್ದ ಕಾಲ ಅದು. ಹುಣಸೂರು ತಾಲ್ಲೂಕಿನ ನಮ್ಮೂರಲ್ಲಿ ಹೊಗೆಸೊಪ್ಪು ಹರಾಜಿಗೆ ಹೋಗಿ ಬ್ಯಾರನ್ನುಗಳು ಖಾಲಿಯಾದವೆಂದರೆ ನಾಟಕದ ಪ್ರಾಕ್ಟೀಸು ಶುರುವಾಗುತ್ತಿತ್ತು. ಸೊಪ್ಪು ಬೇಯಿಸುವ ನಮ್ಮ ಬ್ಯಾರನ್ನೇ ಅದಕ್ಕೆ ಜಾಗ. ಗೋಡೆಯಲ್ಲಿ ಇನ್ನೂ ಸೊಪ್ಪಿನ ಘಾಟು, ನಡುವೆ ಹಾರ್ಮೋನಿಯಂ, ಮೂಲೆಯಲ್ಲಿ ಅವ್ವ ಬೇಯಿಸಿಟ್ಟ ಅವರೆಕಾಯಿ. ಅಂಥ ಸಂಜೆಗಳನ್ನು ಕಂಡವರಿಗೆ ನಾನು ಹೆಚ್ಚು ಹೇಳಬೇಕಿಲ್ಲ.

ಆಡುತ್ತಿದ್ದದ್ದು ನಮ್ಮೂರವರೇ ಆದ ಒಬ್ಬರ ನಾಟಕ. ಸುತ್ತಿನವರೆಲ್ಲ ಅವರನ್ನು ಬರೀ ಕವಿಗಳು ಅನ್ನುತ್ತಿದ್ದರು. ಅವರು ತೀರಿಕೊಂಡು ಎಷ್ಟೋ ವರ್ಷವಾಗಿದ್ದರೂ ಪಿರಿಯಾಪಟ್ಟಣದ ಕಡೆಯ ಹಳ್ಳಿಗಳಲ್ಲೂ ಜನ ಅವರ ನಾಟಕದ ರಾಜನ ಮಾತುಗಳನ್ನು ಉಳುತ್ತಾ ಹೇಳಿಕೊಳ್ಳುತ್ತಿದ್ದರು. ಆದರೆ ಇಡೀ ನಾಟಕ ಒಂದು ಕಡೆ ಬರೆದದ್ದು ಎಲ್ಲೂ ಇರಲಿಲ್ಲ. ಒಬ್ಬೊಬ್ಬನಿಗೂ ಅವನವನ ಪಾರ್ಟನ್ನು ಮಾತ್ರ ಒಂದು ಪುಸ್ತಕದಲ್ಲಿ ಬರೆದುಕೊಡುವುದು, ಗುರುತಿಗೆ ಎದುರಿನವನ ಮಾತಿನ ಕೊನೆಯ ಎರಡು ಪದ ಹಾಕುವುದು ಆಗಿನ ಪದ್ಧತಿ. ನಗಿಸುವವನಿಗೆ ಅದೂ ಇಲ್ಲ. ಅವನ ಮಾತು ಅವನೇ ಕಟ್ಟಿಕೊಳ್ಳಬೇಕು.

ಆ ನಗಿಸುವವನು ನಮ್ಮಪ್ಪ. ಅರಮನೆಯ ಬಾಗಿಲು ಕಾಯುವವನ ವೇಷ, ಕೈಯಲ್ಲಿ ಬೇಗಡೆ ಸುತ್ತಿದ ಈಟಿ. ರಾಜ "ಯಾರಲ್ಲಿ?" ಎಂದು ಗುಡುಗಿದರೆ ಅಪ್ಪ ಆಕಳಿಸುತ್ತ ಒಳಗೆ ಬಂದು, "ನಾನೇ ಕಣ್ ಬುದ್ಧಿ. ನೆನ್ನೆನೂ ನಾನೇ ಇದ್ದೆ, ಇವತ್ತೂ ನಾನೇ. ನೀವು ಕೇಳೋದ ಬುಡ್ನಿಲ್ಲ, ನಾನು ಬರೋದ ಬುಡ್ನಿಲ್ಲ" ಅನ್ನುತ್ತಿದ್ದ. ಅಲ್ಲಿಂದ ಕಾಲು ಗಂಟೆ ಜನ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಮನೆಯಲ್ಲೂ ನಮಗಿಬ್ಬರಿಗೆ ಅದೇ ಆಟ. ಹೊಲದಿಂದ ಬಂದವನು ಹೊಸ್ತಿಲಲ್ಲೇ ನಿಂತು "ಯಾರಲ್ಲಿ?" ಅನ್ನುವನು, ನಾನು ಒಲೆಯ ಮುಂದಿನಿಂದ ಓಡಿಬಂದು ಅವನ ಮಾತನ್ನೇ ಅವನಿಗೆ ಒಪ್ಪಿಸುತ್ತಿದ್ದೆ. ಒಬ್ಬಳೇ ಮಗಳು ನಾನು, ನನಗೆ ಬೇರೆ ಆಟ ಬೇಕಾಗಿರಲಿಲ್ಲ.

ನಾನು ಆರನೇ ಕ್ಲಾಸಿನಲ್ಲಿದ್ದಾಗ ಶ್ರಾವಣದಲ್ಲಿ ಅಪ್ಪನಿಗೆ ಕಾಮಾಲೆ ಆಯಿತು. ಹದಿನೈದು ದಿನಕ್ಕೆ ಹೋಗಿಬಿಟ್ಟ. ಆ ಸಲ ಬ್ಯಾರನ್ನು ಖಾಲಿಯಾದರೂ ಯಾರೂ ಪ್ರಾಕ್ಟೀಸಿಗೆ ಬರಲಿಲ್ಲ. ಸ್ಕೂಲಿಂದ ಬಂದವಳು ಅಲ್ಲಿ ಒಬ್ಬಳೇ ಕೂತು ಈಟಿಯ ಬೇಗಡೆ ಕೆರೆಯುತ್ತಿದ್ದೆ. ಜೊತೆಯ ಹುಡುಗಿಯರು ಆಟಕ್ಕೆ ಕರೆಯಲು ಅಂಜುತ್ತಿದ್ದರು, ಅವ್ವ ಮಾತನ್ನೇ ಕಡಿಮೆ ಮಾಡಿದ್ದಳು. ಸಂಜೆಯಾದರೆ ಹೊಸ್ತಿಲ ಕಡೆ ನೋಡುವ ಚಟ ಮಾತ್ರ ನನ್ನನ್ನು ಬಿಡಲಿಲ್ಲ.

ಅಂಥದರಲ್ಲಿ ಮೈಸೂರಿನಿಂದ ಒಬ್ಬ ಕಾಲೇಜು ಮೇಷ್ಟ್ರು ಬಂದರು. ಕವಿಗಳ ನಾಟಕವನ್ನು ಸಂಪಾದಿಸಿ ಅಚ್ಚು ಹಾಕಿಸುವವರು. ಪಾರ್ಟಿನ ಪುಸ್ತಕಗಳ ಪೆಟ್ಟಿಗೆ ನಮ್ಮಲ್ಲಿತ್ತು. ಒಂದು ವಾರ ನಮ್ಮ ಜಗಲಿಯಲ್ಲಿ ಅವನ್ನೆಲ್ಲ ಹರಡಿಕೊಂಡು, ಒಬ್ಬನ ಕೊನೆಯ ಪದಕ್ಕೆ ಇನ್ನೊಬ್ಬನ ಮೊದಲ ಪದ ಸೇರಿಸುತ್ತ ಕೂತರು. ಅಪ್ಪನ ಸರದಿ ಯಾವಾಗ ಬರುತ್ತದೋ ಎಂದು ನಾನು ಪಕ್ಕದಲ್ಲೇ ಕಾಯುತ್ತಿದ್ದೆ. ಒಂದು ಸಲ ಪುಸ್ತಕದೊಳಗೆ ಬಂದನೆಂದರೆ ಅಪ್ಪ ಇನ್ನೆಲ್ಲಿಗೂ ಹೋಗುವಂತಿಲ್ಲ ಅಂತ ನನ್ನ ನಂಬಿಕೆ.

ಕೊನೆಗೂ "ಯಾರಲ್ಲಿ?" ಬಂತು. ಮೇಷ್ಟ್ರು ಪೆಟ್ಟಿಗೆ ತಡಕಿದರು. ಅದಕ್ಕೆ ಪುಸ್ತಕ ಇಲ್ಲವೆಂದು ಹೇಳಿ ನಾನೇ ಎದ್ದು ನಿಂತು ಅಷ್ಟನ್ನೂ ಆಡಿ ತೋರಿಸಿದೆ, ಆಕಳಿಕೆ ಸಮೇತ. ಮೇಷ್ಟ್ರು ಕನ್ನಡಕ ತೆಗೆದು ಕಣ್ಣೊರೆಸಿಕೊಳ್ಳುವಷ್ಟು ನಕ್ಕರು. ಆದರೆ ಪೆನ್ನು ಎತ್ತಿಕೊಳ್ಳಲಿಲ್ಲ.

"ಇದು ನಿಮ್ಮ ತಂದೆಯ ಮಾತು ಮಗು. ಪುಸ್ತಕ ಕವಿಗಳದ್ದು" ಎಂದರು.

ಒಳಗಿದ್ದ ಅವ್ವ ಬಾಗಿಲಿಗೆ ಬಂದಳು. "ಅವ್ರು ಆಡ್ದೆ ಓಗಿದ್ರೆ ಜನ ಕೊನೆಗಂಟ ಕೂರ್ತಿದ್ರಾ ಸ್ವಾಮಿ?"

ಮೇಷ್ಟ್ರು ಒಳ್ಳೆಯವರು, ತಲೆ ತಗ್ಗಿಸಿದರು. ಕವಿಗಳು ಬರೆಯದ್ದನ್ನು ಅವರ ಹೆಸರಲ್ಲಿ ಹಾಕಿದರೆ ತಪ್ಪಾಗುತ್ತದಮ್ಮ ಎಂದು ಮೆಲ್ಲಗೆ ವಿವರಿಸಿದರು. ಅವರು ಹೇಳಿದ್ದು ನ್ಯಾಯವೇ. ಆ ನ್ಯಾಯದ ಮೇಲೆ ನನಗೆ ಇವತ್ತಿಗೂ ಸಿಟ್ಟಿದೆ. ಹಾಗೆ ನೋಡಿದರೆ ನಾನೇ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಟ್ಟುಕೊಳ್ಳಬಹುದಿತ್ತು. ಅಪ್ಪನ ಮಾತು ಮರೆಯುವುದುಂಟೇ ಎಂಬ ಜಂಬ.

ಮುಂದಿನ ವರ್ಷ ಪುಸ್ತಕ ಬಂತು. ಬೆರಳಿಟ್ಟು ಹುಡುಕಿದೆ. ರಾಜನ "ಯಾರಲ್ಲಿ?" ಕೆಳಗೆ ಬ್ರಾಕೆಟ್ಟಿನೊಳಗೆ ಒಂದು ಸಾಲು: ಇಲ್ಲಿ ಬಾಗಿಲು ಕಾಯುವವನು ಬಂದು ನಗಿಸುವನು. ಅಷ್ಟೇ ನಮ್ಮಪ್ಪ.

ಪುಸ್ತಕ ಮತ್ತೆ ಮತ್ತೆ ಅಚ್ಚಾಯಿತು, ಕಾಲೇಜಿಗೆ ಪಠ್ಯವಾಯಿತು, ಕವಿಗಳ ಹೆಸರಿನಲ್ಲಿ ಊರ ಮುಂದೆ ಕಮಾನು ಎದ್ದಿತು. ಇತ್ತ ಬ್ಯಾರನ್ನು ಬಿದ್ದುಹೋಯಿತು, ಅವ್ವನೂ ಹೋದಳು. ಹೋದ ವರ್ಷ ಊರಲ್ಲಿ ಅದೇ ನಾಟಕ ಆಡಿದರು. ಎಲ್ಲರೂ ಪುಸ್ತಕ ನೋಡಿ ಕಲಿತವರು. ರಾಜ "ಯಾರಲ್ಲಿ?" ಎಂದು ಗುಡುಗಿದ. ಈಟಿ ಹಿಡಿದವನು ಬಂದ. ಪುಸ್ತಕದಲ್ಲಿ ಮಾತಿಲ್ಲವಲ್ಲ, ಕೈಮುಗಿದು ಸುಮ್ಮನೆ ನಿಂತ.

ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತಿದ್ದ ನಾನು ಅಪ್ಪನ ಆ ಮೊದಲ ಮಾತನ್ನು ಮೆಲ್ಲಗೆ ಆಡಿದೆ. ಪಕ್ಕದವರು ತಿರುಗಿ ನೋಡಿದರು. ಅದರ ಮುಂದೆ ಅಪ್ಪ ಕಾಲು ಗಂಟೆ ಆಡುತ್ತಿದ್ದ ಮಾತುಗಳಲ್ಲಿ ಒಂದೂ ನನ್ನಲ್ಲಿ ಉಳಿದಿರಲಿಲ್ಲ.